ಬಾಗಿಲು ತಪ್ಪಿದ ದಾವೆ

ದೆಹಲಿಯ ಕನ್ನಡದವರಿಗೆ ಒಂದು ಚಾಳಿಯಿದೆ. ಹಲ್ಲು ನೋವು ಬಂದರೆ ಒಳ್ಳೆಯ ಡಾಕ್ಟರು ಯಾರು ಎಂದು ಕೇಳುವುದಿಲ್ಲ, ನಮ್ಮವರು ಯಾರಿದ್ದಾರೆ ಎಂದು ಕೇಳುತ್ತಾರೆ. ಮಗಳಿಗೆ ಸಂಗೀತ ಕಲಿಸಬೇಕು, ನಮ್ಮವರು ಯಾರು? ಇನ್ಶೂರೆನ್ಸ್ ಮಾಡಿಸಬೇಕು, ನಮ್ಮವರು ಯಾರು? ನಮ್ಮವರು ಹಲ್ಲನ್ನು ತಪ್ಪು ಕಿತ್ತರೂ ಪರವಾಗಿಲ್ಲ, ಕೀಳುವಾಗ ಕನ್ನಡದಲ್ಲಿ ಸಮಾಧಾನ ಹೇಳಿದರೆ ಸಾಕು. ವೈಜಯಂತಿಯೂ ಇದಕ್ಕೆ ಹೊರತಲ್ಲ. ಮೈಸೂರಿನಿಂದ ಬಂದು ಇಪ್ಪತ್ತು ವರ್ಷ ಕೇಂದ್ರ ಸಚಿವಾಲಯವೊಂದರಲ್ಲಿ ಫೈಲು ನೋಡಿದವಳು, ತರಕಾರಿ ಭಯ್ಯಾನ ಜೊತೆ ಹಿಂದಿಯಲ್ಲಿ ಜಗಳವಾಡಿ ಕೊತ್ತಂಬರಿ ಸೊಪ್ಪನ್ನು ಪುಕ್ಕಟೆ ತರುವವಳು. ಅಂಥವಳೂ ಕಷ್ಟಕಾಲದಲ್ಲಿ ಎರಡು ಸಲ ನಮ್ಮವರನ್ನೇ ಹುಡುಕಿದಳು. ಮೊದಲ ಸಲ ಸಿಕ್ಕವರು ಬ್ಯಾಂಕ್ ಮ್ಯಾನೇಜರ್ ಬಸವಲಿಂಗಪ್ಪ. ಎರಡನೆಯ ಸಲ ಸಿಕ್ಕವರು ವಕೀಲ ಚಿದಂಬರ. ಎರಡನೆಯವರ ಮಾತು ಕೇಳಿ ಮೊದಲನೆಯವರನ್ನು ಕಳೆದುಕೊಂಡಳು.

ಅವಳ ಗಂಡ ಸುದರ್ಶನ್ ಗುಡಗಾಂವ್‌ನ ಕಂಪನಿಯೊಂದರಲ್ಲಿ ಸೂಪರ್‌ವೈಸರ್ ಆಗಿದ್ದ. ಕೈತುಂಬ ಸಂಬಳ ಇಲ್ಲದಿದ್ದರೂ ಹೊಟ್ಟೆತುಂಬ ಊಟವಿತ್ತು. ಆದರೆ ಇನ್ನೊಬ್ಬರ ಕೈಕೆಳಗೆ ಎಷ್ಟು ದಿನ ಎಂಬ ಹುಳು ತಲೆಗೆ ಹೊಕ್ಕಿತು. 2003ರಲ್ಲಿ ಕೆಲಸ ಬಿಟ್ಟು ಮಾನೇಸರ್‌ನಲ್ಲಿ ಒಂದು ಶೆಡ್ ಹಿಡಿದು, ಕಾರಿನ ಬಾಗಿಲೊಳಗೆ ಕೂರಿಸುವ ಪ್ಲಾಸ್ಟಿಕ್ ಕ್ಲಿಪ್ ಮಾಡಲು ಹೊರಟ. ಯಂತ್ರಕ್ಕೆ ಸಾಲ ಬೇಕು, ಸಾಲಕ್ಕೆ ಅಡಮಾನ ಬೇಕು. ಅಡವಿಡಲು ಇದ್ದದ್ದು ರೋಹಿಣಿಯಲ್ಲಿ ದೆಹಲಿ ಅಭಿವೃದ್ಧಿ ಪ್ರಾಧಿಕಾರದ ಡಿಡಿಎ ಫ್ಲ್ಯಾಟ್ ಒಂದೇ. ಅದೂ ಅವನದ್ದಲ್ಲ, ವೈಜಯಂತಿಯದ್ದು. ಸರ್ಕಾರಿ ನೌಕರಳೆಂದು ಅವಳ ಹೆಸರಿಗೆ ಲಾಟರಿ ಡ್ರಾನಲ್ಲಿ ಬಂದ ಮನೆ. ಎರಡು ಕೋಣೆ, ಒಂದು ಅಡುಗೆಮನೆ, ಬಟ್ಟೆ ಒಣಗಿಸಲು ಸಾಕಾಗುವಷ್ಟು ಬಾಲ್ಕನಿ. ಅದರ ಕಂತು ಕಟ್ಟುವುದಕ್ಕೆ ಅವಳು ಎಷ್ಟು ದೀಪಾವಳಿ ಸೀರೆ ಬಿಟ್ಟಳೋ ಅವಳಿಗೇ ಗೊತ್ತು.

ಸಾಲ ಕೊಟ್ಟ ಶಾಖೆಗೆ ಆಗ ಬಸವಲಿಂಗಪ್ಪನವರು ಮ್ಯಾನೇಜರ್. ದಾವಣಗೆರೆ ಕಡೆಯವರು, ದಪ್ಪ ಮೀಸೆ, ಹಣೆಯಲ್ಲಿ ವಿಭೂತಿ. ಕನ್ನಡ ಸಂಘದ ಊಟದ ಸಾಲಿನಲ್ಲಿ ಕೈ ತೊಳೆಯುವಾಗ ಪರಿಚಯವಾದವರು. ಪರಿಚಯವಾದ ಗಳಿಗೆಯಿಂದ ವೈಜಯಂತಿ ಅವರಿಗೆ ತಂಗಿ, ಅವರು ಅವಳಿಗೆ ಅಣ್ಣ. ಜಾಮೀನಿನ ಕಾಗದಕ್ಕೆ ಅವಳು ಶಾಖೆಗೇ ಬಂದು ಸಹಿ ಹಾಕಬೇಕು, ನಿಯಮ ಅದು. ಆದರೆ ಪಾರ್ಲಿಮೆಂಟ್ ಅಧಿವೇಶನ ನಡೆಯುತ್ತಿತ್ತು. ಅಧಿವೇಶನದ ಹೊತ್ತಿನಲ್ಲಿ ಸಚಿವಾಲಯದ ಗುಮಾಸ್ತರಿಗೆ ರಜೆ ಕೇಳುವುದೂ ಒಂದೇ, ಬೈಸಿಕೊಳ್ಳುವುದೂ ಒಂದೇ. ಇತ್ತ ಯಂತ್ರ ಮಾರುವವನು ಆ ವಾರವೇ ಮುಂಗಡ ಕೊಡಬೇಕೆಂದು ಕೂತಿದ್ದ. ಅದಕ್ಕೆ ಬಸವಲಿಂಗಪ್ಪನವರು ಭಾನುವಾರ ಬೆಳಿಗ್ಗೆ ಕಾಗದದ ಕಟ್ಟನ್ನು ಹಿಡಿದು ತಾವೇ ರೋಹಿಣಿಯ ಮನೆಗೆ ಬಂದರು.

ಬಂದವರು ಸಹಿ ಹಾಕಿಸಿಕೊಂಡು ಹೋಗಬಹುದಿತ್ತು. ಹೋಗಲಿಲ್ಲ. ಊಟದ ಮೇಜಿನ ಮುಂದೆ ಕೂತು, ಕನ್ನಡಕ ಹಾಕಿಕೊಂಡು, ಇಂಗ್ಲಿಷಿನಲ್ಲಿದ್ದ ಪ್ರತಿ ಪುಟವನ್ನೂ ಕನ್ನಡದಲ್ಲಿ ಬಿಡಿಸಿ ಹೇಳಿದರು. ಆಗ ಎಂಟನೇ ಕ್ಲಾಸಿನಲ್ಲಿದ್ದ ಮಗಳು ಹಂಸಿನಿ "ಜಾಮೀನುದಾರಳು" ಎಂಬ ಮಾತು ಕೇಳಿ ನಕ್ಕಳು. ಅವರೂ ನಕ್ಕರು. ಆದರೆ ಕೊನೆಯ ಪುಟಕ್ಕೆ ಬಂದಾಗ ನಗಲಿಲ್ಲ.

"ನೋಡು ತಂಗಿ, ಇದು ಬರೀ ಸಹಿ ಅಲ್ಲ. ಸುದರ್ಶನ್ ಕಟ್ಟಲಿಲ್ಲ ಅಂದ್ರೆ ಬ್ಯಾಂಕು ಈ ಮನೆಗೇ ಬರುತ್ತೆ. ಬೇಡ ಅನ್ನಿಸಿದ್ರೆ ಈಗ್ಲೇ ಹೇಳು, ನಾನೇನೂ ಬೇಜಾರು ಮಾಡ್ಕೊಳ್ಳಲ್ಲ."

ವೈಜಯಂತಿ ಗಂಡನ ಮುಖ ನೋಡಿದಳು. ಅವನು ಸೊಸೆಯನ್ನು ನೋಡಲು ಬಂದ ಮಾವನ ಹಾಗೆ ಗಂಭೀರವಾಗಿ ಕೂತಿದ್ದ, ಕಾಲು ಮಾತ್ರ ಅಲ್ಲಾಡುತ್ತಿತ್ತು. ಅವಳು ಸಹಿ ಹಾಕಿದಳು. ಎಲ್ಲವನ್ನೂ ತಿಳಿದೇ ಹಾಕಿದಳು. ಇಷ್ಟನ್ನು ಓದುವವರು ಮನಸ್ಸಿನಲ್ಲಿಟ್ಟುಕೊಳ್ಳಬೇಕು, ಏಕೆಂದರೆ ಮುಂದೆ ಅವಳೇ ಇದನ್ನು ಇಲ್ಲವೆಂದಳು.

ಎರಡು ವರ್ಷ ಕ್ಲಿಪ್ಪುಗಳು ಚೆನ್ನಾಗಿಯೇ ಹೋದವು. ಮೂರನೆಯ ವರ್ಷ ದೊಡ್ಡ ಕಂಪನಿ ಆರ್ಡರನ್ನು ಇನ್ನೊಬ್ಬನಿಗೆ ಕೊಟ್ಟಿತು. ಕಂತು ನಿಂತಿತು. ಅಷ್ಟರಲ್ಲಿ ಬಸವಲಿಂಗಪ್ಪನವರಿಗೆ ಬೇರೆ ಶಾಖೆಗೆ ವರ್ಗವಾಗಿತ್ತು, ಹೊಸ ಮ್ಯಾನೇಜರಿಗೆ ಅಣ್ಣನೂ ಗೊತ್ತಿಲ್ಲ, ತಂಗಿಯೂ ಗೊತ್ತಿಲ್ಲ. ಬ್ಯಾಂಕಿನ ನೋಟಿಸು ಮಾನೇಸರ್‌ನ ಶೆಡ್ಡಿಗೆ, ಸುದರ್ಶನ್ ಹೆಸರಿಗೆ ಹೋಯಿತು. ಆ ಪುಣ್ಯಾತ್ಮ ಅದನ್ನು ಡ್ರಾಯರಿನಲ್ಲಿ ಹಾಕಿ ಬೀಗ ಹಾಕಿದ. ಬೀಗ ಹಾಕಿದರೆ ಸಾಲ ಒಳಗೇ ಉಳಿಯುತ್ತದೆ ಎಂದುಕೊಂಡನೋ ಏನೋ. 2006ರ ಮೇ ತಿಂಗಳ ಒಂದು ಸಂಜೆ ವೈಜಯಂತಿ ಮೆಟ್ರೋ ಇಳಿದು ಮನೆಗೆ ಬಂದಾಗ ಬಾಗಿಲ ಮೇಲೆ ಒಂದು ಕಾಗದ ಅಂಟಿಸಿತ್ತು: ಈ ಸ್ವತ್ತನ್ನು ಬ್ಯಾಂಕು ತನ್ನ ಸ್ವಾಧೀನಕ್ಕೆ ತೆಗೆದುಕೊಂಡಿದೆ. ಎದುರು ಮನೆಯ ಪಂಜಾಬಿ ಹೆಂಗಸು ಅದನ್ನು ಓದಿ ಮುಗಿಸಿ, ಅವಳನ್ನು ಕಂಡು ಒಳಗೆ ಸರಿದಳು. ವೈಜಯಂತಿಗೆ ಸಾಲಕ್ಕಿಂತ ಮೊದಲು ಆ ಬಾಗಿಲು ಮುಚ್ಚಿದ ಸದ್ದು ತಾಗಿತು.

ಕಾನೂನು ಬದಲಾಗಿತ್ತು. ಮೊದಲಾದರೆ ಬ್ಯಾಂಕು ಕೋರ್ಟಿಗೆ ಹೋಗಿ, ದಾವೆ ಹಾಕಿ, ಚಪ್ಪಲಿ ಸವೆಸಿ ವಸೂಲು ಮಾಡಬೇಕಿತ್ತು. ಹೊಸ ಕಾನೂನಿನಲ್ಲಿ ಅಡವಿಟ್ಟ ಆಸ್ತಿಗೆ ಬ್ಯಾಂಕೇ ನೇರವಾಗಿ ಕೈ ಹಾಕಬಹುದು. ತಕರಾರಿದ್ದವರು ಒಂದೂವರೆ ತಿಂಗಳೊಳಗೆ ಸಾಲ ವಸೂಲಾತಿ ನ್ಯಾಯಮಂಡಳಿಗೆ, ಎಲ್ಲರೂ ಟ್ರಿಬ್ಯುನಲ್ ಎನ್ನುವ ಕಡೆಗೆ, ಹೋಗಬೇಕು. ಸಿವಿಲ್ ಕೋರ್ಟಿಗೆ ಹೋಗುವಂತಿಲ್ಲ. ಇದು ಕಾಗದದ ಕೆಳಗಡೆ ಸಣ್ಣ ಅಕ್ಷರದಲ್ಲಿ ಬರೆದೇ ಇತ್ತು. ದಿನಾ ಆಫೀಸಿನಲ್ಲಿ ತಪ್ಪು ಸೆಕ್ಷನ್ನಿಗೆ ಬಂದ ಫೈಲನ್ನು ತೆರೆಯದೆಯೇ ವಾಪಸು ಕಳಿಸುವ ವೈಜಯಂತಿ ಅದನ್ನು ಓದಿದ್ದಳು ಕೂಡ. ಆದರೆ ಓದಿದ್ದನ್ನು ನಂಬುವುದಕ್ಕೆ ಒಬ್ಬರು ಹೇಳಬೇಕಲ್ಲ? ಸಂಘದಲ್ಲಿ ವಿಚಾರಿಸಿದಳು. ನಮ್ಮವರು ಯಾರಿದ್ದಾರೆ?

ಚಿದಂಬರ ಇದ್ದರು. ತೀಸ್ ಹಜಾರಿ ಕೋರ್ಟಿನಲ್ಲಿ ಮೂವತ್ತು ವರ್ಷದ ವಕೀಲಿಕೆ, ಬಾಡಿಗೆದಾರರಿಂದ ಮನೆ ಬಿಡಿಸುವುದರಲ್ಲಿ, ಅಣ್ಣತಮ್ಮಂದಿರ ಗೋಡೆ ಜಗಳದಲ್ಲಿ ಹೆಸರುವಾಸಿ. ಮಾತಿಗೆ ಕೂತರೆ ಎದ್ದವರಿಲ್ಲ. ತಡೆಯಾಜ್ಞೆ ತರುವುದೆಂದರೆ ಅವರಿಗೆ ಮೂಲೆ ಅಂಗಡಿಯಿಂದ ಹಾಲು ತಂದಷ್ಟು ಸಲೀಸು. ವೈಜಯಂತಿ ಟ್ರಿಬ್ಯುನಲ್ ಎಂದು ಬಾಯಿ ತೆರೆದದ್ದೇ ತಡ, ಅವರು ಬೇಡವೆಂದು ಕೈ ಅಲ್ಲಾಡಿಸಿಬಿಟ್ಟರು. ಅದು ಕೋರ್ಟೇ ಅಲ್ಲವಂತೆ, ಬ್ಯಾಂಕಿನವರ ಪಡಸಾಲೆಯಂತೆ. ಹೆಸರಲ್ಲೇ ವಸೂಲಾತಿ ಅಂತ ಇದೆ, ಅಲ್ಲಿಗೆ ನ್ಯಾಯ ಕೇಳಲು ಹೋಗುವುದೆಂದರೆ ಕುರಿ ತಾನಾಗಿ ಕಟುಕನ ಮನೆ ವಿಳಾಸ ಕೇಳಿಕೊಂಡು ಹೋದಂತೆ. ಹೀಗೆಲ್ಲ ಹೇಳಿದರು. ನಿಜ ಏನೆಂದರೆ ಅವರು ಆ ಟ್ರಿಬ್ಯುನಲ್ಲಿನ ಮೆಟ್ಟಿಲನ್ನೇ ಹತ್ತಿರಲಿಲ್ಲ. ಅರವತ್ತು ದಾಟಿದ ಮೇಲೆ ಹೊಸ ಕಾನೂನು ಕಲಿಯಲು ಯಾರಿಗೆ ಬೇಕು? ಗೊತ್ತಿಲ್ಲ ಎನ್ನಲು ಅಹಂಕಾರ ಬಿಡಲಿಲ್ಲ, ಬೇರೆಯವರ ಹತ್ತಿರ ಹೋಗಿ ಎನ್ನಲು ಮನಸ್ಸು ಬರಲಿಲ್ಲ.

ಸಿವಿಲ್ ಕೋರ್ಟಿನ ಬಾಗಿಲು ಮುಚ್ಚಿದೆಯಲ್ಲ ಎಂದು ಸುದರ್ಶನ್ ಕೇಳಿದ. ಮುಚ್ಚಿದೆ, ಆದರೆ ಒಂದು ಕಿಂಡಿ ಬಿಟ್ಟಿದ್ದಾರೆ ಎಂದರು ಚಿದಂಬರ. ಬ್ಯಾಂಕು ಮೋಸ ಮಾಡಿದೆ ಎಂದರೆ ಸಿವಿಲ್ ಕೋರ್ಟು ಕೇಳಲೇಬೇಕು. ಹಾಗಾದರೆ ಏನು ಮೋಸ ಆಗಿದೆ, ನೆನಪು ಮಾಡಿಕೊಳ್ಳಿ ಎಂದರು. ಗಂಡ ಹೆಂಡತಿ ಮುಖ ಮುಖ ನೋಡಿಕೊಂಡರು. ಏನೂ ಆಗಿರಲಿಲ್ಲ. ಸಾಲ ತೆಗೆದುಕೊಂಡಿದ್ದರು, ಕಟ್ಟಿರಲಿಲ್ಲ. ಆಮೇಲೆ ಮಾತಿನ ನಡುವೆ ವೈಜಯಂತಿ, ಸಹಿ ಹಾಕಿದ್ದು ಮನೆಯಲ್ಲಿ ಎಂದಳು. ಚಿದಂಬರ ಪೆನ್ನು ತೆರೆದರು.

"ಅಷ್ಟು ಸಾಕು. ಮ್ಯಾನೇಜರು ನಿಯಮ ಮುರಿದು ಮನೆಗೆ ಬಂದ, ಏನು ಎತ್ತ ಹೇಳದೆ ಒಬ್ಬ ಹೆಂಗಸಿನ ಸಹಿ ಹಾಕಿಸಿಕೊಂಡು ಹೋದ. ಇದು ಮೋಸ ಅಲ್ದೆ ಇನ್ನೇನು?"

ವೈಜಯಂತಿ, ಹಾಗಲ್ಲ ಸಾರ್, ಅವರು ಎಲ್ಲ ಓದಿ ಹೇಳಿದರು ಎಂದಳು. ಚಿದಂಬರ ನಕ್ಕರು. ಅದನ್ನು ಬರೆದರೆ ದಾವೆ ಅವತ್ತೇ ಬಿದ್ದುಹೋಗುತ್ತದೆ ಎಂದರು. ಇದೆಲ್ಲ ಕಾಗದದ ಮೇಲಿನ ಮಾತು, ಬಸವಲಿಂಗಪ್ಪನವರಿಗೆ ಏನೂ ಆಗುವುದಿಲ್ಲ, ಬ್ಯಾಂಕು ರಾಜಿಗೆ ಬಂದ ಕೂಡಲೇ ದಾವೆ ವಾಪಸು ತೆಗೆದರಾಯಿತು, ಹಾವೂ ಸಾಯುವುದಿಲ್ಲ ಕೋಲೂ ಮುರಿಯುವುದಿಲ್ಲ ಎಂದರು. ಮುಳುಗುವವನಿಗೆ ಹುಲ್ಲುಕಡ್ಡಿಯೂ ಆಸರೆ. ತೀಸ್ ಹಜಾರಿಯ ಗೇಟಿನ ಪಕ್ಕ ಟೈಪಿಸ್ಟನೊಬ್ಬ ಪ್ರಮಾಣಪತ್ರ ಹೊಡೆದುಕೊಟ್ಟ: ನನಗೆ ಯಾರೂ ಏನನ್ನೂ ಓದಿ ಹೇಳಿಲ್ಲ. ಅವಳು ಅದರ ಕೆಳಗೆ ಸಹಿ ಹಾಕಿದಳು. ಈ ಸಲವೂ ತಿಳಿದೇ ಹಾಕಿದಳು. ಮನೆಗೆ ಬಂದು ಸ್ನಾನ ಮಾಡಿದಳು, ಮೇ ತಿಂಗಳ ಸೆಖೆ ಎಂದು ತನಗೆ ತಾನೇ ಹೇಳಿಕೊಂಡಳು.

ತಡೆಯಾಜ್ಞೆ ಸಿಕ್ಕಿತು. ಸುದರ್ಶನ್ ಜಿಲೇಬಿ ತಂದ. ಎದುರು ಮನೆಯವಳಿಗೂ ಕೊಟ್ಟರು. ಬೇಸಿಗೆ ಹೋಗಿ ಮಳೆ ಬಂತು, ಮಳೆ ಹೋಗಿ ಚಳಿ ಬಂತು, ದಾವೆ ತಾರೀಖಿನಿಂದ ತಾರೀಖಿಗೆ ನಡೆಯಿತು. ಟ್ರಿಬ್ಯುನಲ್ಲಿಗೆ ಹೋಗಲು ಇದ್ದ ಗಡುವು ಯಾವಾಗ ದಾಟಿತೋ ಯಾರೂ ನೋಡಲಿಲ್ಲ. ನೋಡಬೇಕಾದವರು ಚಿದಂಬರ, ಅವರು ಅತ್ತ ಕಣ್ಣೆತ್ತಲಿಲ್ಲ.

ನವೆಂಬರಿನಲ್ಲಿ ಸಂಘದ ರಾಜ್ಯೋತ್ಸವಕ್ಕೆ ಬಸವಲಿಂಗಪ್ಪನವರು ಬರಲಿಲ್ಲ. ಪ್ರತಿ ವರ್ಷ ಪಂಕ್ತಿಯಲ್ಲಿ ಅನ್ನ ಬಡಿಸುವವರು ಅವರು, ಬೇಡ ಎಂದವರ ಎಲೆಗೂ ಇನ್ನೊಂದು ಸೌಟು ಹಾಕುವವರು. ಯಾಕೆ ಬರಲಿಲ್ಲ ಎಂದು ವೈಜಯಂತಿ ಕೇಳಿದಾಗ, ಬಡಿಸುತ್ತಿದ್ದವರೊಬ್ಬರು ನಿಮಗೆ ಗೊತ್ತಿಲ್ಲವೇ ಎಂದು ಅವಳನ್ನೇ ನೋಡಿದರು. ಅವರನ್ನು ಬ್ಯಾಂಕು ಅಮಾನತು ಮಾಡಿತ್ತು. ಗಿರಾಕಿಯೊಬ್ಬರು ಮೋಸದ ದಾವೆ ಹಾಕಿದ್ದಾರೆ, ಮನೆಗೆ ಹೋಗಿ ಸಹಿ ತೆಗೆದುಕೊಂಡದ್ದು ನಿಜ ಎಂದು ಅವರೇ ಒಪ್ಪಿದ್ದಾರೆ, ವಿಚಾರಣೆ ಮುಗಿಯುವ ತನಕ ಕೆಲಸವಿಲ್ಲ. ನಿವೃತ್ತಿಗೆ ಒಂದೂವರೆ ವರ್ಷವಿದ್ದ ಮನುಷ್ಯ. ಗಿರಾಕಿ ಯಾರೆಂದು ಅವರು ಸಂಘದಲ್ಲಿ ಯಾರಿಗೂ ಹೇಳಿರಲಿಲ್ಲ. ಆದರೆ ದೆಹಲಿ ಕನ್ನಡಿಗರಲ್ಲಿ ಯಾವ ಸುದ್ದಿ ತಾನೇ ನಿಲ್ಲುತ್ತದೆ?

ವೈಜಯಂತಿ ಎಲೆ ಬಿಟ್ಟು ಎದ್ದಳು. ಉಂಡ ಮನೆಗೆ ಎರಡು ಬಗೆದೆನಲ್ಲ ಎಂದು ಮೆಟ್ರೋದಲ್ಲಿ ಉದ್ದಕ್ಕೂ ಅತ್ತಳು. ಮರುದಿನವೇ ಚಿದಂಬರರ ಬಳಿ ಹೋಗಿ, ಆ ಮಾತನ್ನು ದಾವೆಯಿಂದ ತೆಗೆದುಬಿಡಿ ಎಂದಳು. ತೆಗೆಯಬಹುದು, ಜೊತೆಗೆ ತಡೆಯಾಜ್ಞೆಯೂ ಹೋಗುತ್ತದೆ, ಮನೆಯೂ ಹೋಗುತ್ತದೆ, ಆಮೇಲೆ ಸುಳ್ಳು ಪ್ರಮಾಣಕ್ಕೆ ನಿಮ್ಮ ಸರ್ಕಾರಿ ನೌಕರಿಗೂ ತೊಂದರೆ ಬರಬಹುದು, ಯೋಚನೆ ಮಾಡಿ ಎಂದರು ಚಿದಂಬರ. ಅವಳು ಯೋಚನೆ ಮಾಡಿದಳು. ಯೋಚನೆ ಮಾಡುವವರು ಸಾಮಾನ್ಯವಾಗಿ ಮಾಡುವುದನ್ನೇ ಮಾಡಿದಳು, ಸುಮ್ಮನಾದಳು.

2007ರ ಕೊನೆಯಲ್ಲಿ ಕೋರ್ಟು ತೀರ್ಪು ಕೊಟ್ಟಿತು. ಇದು ಟ್ರಿಬ್ಯುನಲ್ಲಿಗೆ ಸೇರಿದ ವಿಷಯ, ಮೋಸದ ಮಾತನ್ನು ಬಾಗಿಲು ತೆರೆಸುವುದಕ್ಕೆಂದೇ ಸೇರಿಸಿದಂತಿದೆ, ಈ ದಾವೆ ಕೇಳಲು ನಮಗೆ ಅಧಿಕಾರವಿಲ್ಲ. ಅಷ್ಟೇ. ಒಂದೂವರೆ ವರ್ಷ ಓಡಾಡಿದ್ದಕ್ಕೆ, ಬಾಗಿಲು ತಪ್ಪಿ ಬಂದಿದ್ದೀರಿ, ಪಕ್ಕದ ಮನೆ ನೋಡಿ ಎಂದಂತಾಯಿತು. ಕೋರ್ಟಿಗೆ ಹೋದರೆ ಗೆದ್ದವನು ಸೋತ, ಸೋತವನು ಸತ್ತ ಎನ್ನುತ್ತಾರೆ. ಇವರು ಸೋಲುವುದಕ್ಕೂ ಅರ್ಹರಾಗಲಿಲ್ಲ. ಚಿದಂಬರ ಹೈಕೋರ್ಟಿಗೆ ಹೋಗೋಣ ಎಂದರು. ಸುದರ್ಶನ್ ಮೊದಲ ಸಲ ಅವರ ಮುಂದೆ ದನಿ ಎತ್ತಿ, ಕಾಗದಗಳನ್ನು ಕಿತ್ತುಕೊಂಡು ಬಂದ. ಬ್ಯಾಂಕು ಹರಾಜಿನ ದಿನ ಗೊತ್ತು ಮಾಡಿತು.

ಈ ಸಲ ನಮ್ಮವರನ್ನು ಹುಡುಕಲಿಲ್ಲ. ಸಚಿವಾಲಯದ ಸಹೋದ್ಯೋಗಿ ಹೇಳಿದ ಒಬ್ಬ ಸರ್ದಾರ್‌ಜಿ ವಕೀಲರ ಹತ್ತಿರ ಹೋದರು. ಟ್ರಿಬ್ಯುನಲ್ ಒಂದೇ ಅವರ ಕೆಲಸ. ಕಾಗದ ತಿರುವಿ ಹಾಕಿದವರು ಒಂದು ಕಡೆ ನಿಂತು, ಮನೆ ಯಾರ ಹೆಸರಿನಲ್ಲಿದೆ ಎಂದು ಕೇಳಿದರು. ನನ್ನದು ಎಂದಳು ವೈಜಯಂತಿ. ಮೊದಲ ನೋಟಿಸು ನಿಮಗೆ ಬಂದಿತ್ತೇ ಎಂದರು. ಇಲ್ಲ, ಗಂಡನಿಗೆ ಮಾತ್ರ, ಶೆಡ್ಡಿಗೆ. ಸರ್ದಾರ್‌ಜಿ ಹಣೆ ಚಚ್ಚಿಕೊಂಡರು. ಮನೆಯ ಒಡತಿಗೆ ನೋಟಿಸೇ ಕೊಡದೆ ಮನೆ ವಶಪಡಿಸಿಕೊಂಡರೆ ಅದು ನಿಲ್ಲುವುದಿಲ್ಲ, ಮೊದಲೇ ಇಲ್ಲಿಗೆ ಬಂದಿದ್ದರೆ ಒಂದೆರಡು ತಾರೀಖಿನಲ್ಲಿ ಬ್ಯಾಂಕು ಮೊದಲಿನಿಂದ ಶುರು ಮಾಡಬೇಕಾಗುತ್ತಿತ್ತು ಎಂದರು. ಯಾರ ಮೇಲೂ ಮೋಸದ ಆರೋಪ ಬೇಕಿರಲಿಲ್ಲ. ನಿಜ ಹೇಳಿದ್ದರೆ ಸಾಕಾಗಿತ್ತು. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು.

ಈಗಲೂ ಒಂದು ದಾರಿಯಿದೆ ಎಂದರು ಸರ್ದಾರ್‌ಜಿ. ತಿಳಿಯದೆ, ಶುದ್ಧ ಮನಸ್ಸಿನಿಂದ ತಪ್ಪು ಕೋರ್ಟಿಗೆ ಹೋಗಿದ್ದರೆ ಅಲ್ಲಿ ಕಳೆದ ಕಾಲವನ್ನು ಟ್ರಿಬ್ಯುನಲ್ ಮನ್ನಿಸಬಹುದು. ಆದರೆ ನೀಯತ್ತು ಸಾಫಾಗಿರಬೇಕು. ಬೇಕೆಂದೇ ಸುಳ್ಳು ಹೇಳಿ ಅಲ್ಲಿಗೆ ಹೋಗಿದ್ದರೆ ಮನ್ನಣೆ ಇಲ್ಲ, ಗಡುವು ದಾಟಿದೆ, ಮನೆ ಹರಾಜಿಗೆ. ಹೀಗೆಂದು ಕನ್ನಡಕದ ಮೇಲಿಂದ ಅವಳನ್ನು ನೋಡಿದರು. ಅವಳು ನೆಲ ನೋಡಿದಳು. ಅವರಿಗೆ ಅರ್ಥವಾಯಿತೋ ಇಲ್ಲವೋ, ಮುಂದೆ ಕೇಳಲಿಲ್ಲ. ಬ್ಯಾಂಕಿನವರು ಆ ಮ್ಯಾನೇಜರನ್ನು ಟ್ರಿಬ್ಯುನಲ್ಲಿಗೆ ಕರೆಸುತ್ತಾರೆ, ಅವನು ಏನು ಹೇಳುತ್ತಾನೆ ಎಂಬುದರ ಮೇಲೆ ಎಲ್ಲ ನಿಂತಿದೆ ಎಂದಷ್ಟೇ ಹೇಳಿದರು. ಮ್ಯಾನೇಜರ ಮೇಲಿನ ಇಲಾಖಾ ವಿಚಾರಣೆಯೂ ಈ ಟ್ರಿಬ್ಯುನಲ್ಲಿನ ಮಾತಿಗಾಗಿಯೇ ಕಾಯುತ್ತಿತ್ತು. ವೈಜಯಂತಿ ನಿಜ ಹೇಳಿದರೆ ಬಸವಲಿಂಗಪ್ಪನವರು ಉಳಿಯುತ್ತಾರೆ, ಮನೆ ಹೋಗುತ್ತದೆ. ಸುಳ್ಳಿಗೆ ಅಂಟಿಕೊಂಡರೆ ಮನೆ ಉಳಿಯುತ್ತದೆ, ಅವರು ಹೋಗುತ್ತಾರೆ.

ಮನೆಯಲ್ಲಿ ಈ ಮಾತು ಬಂದಾಗ ಸುದರ್ಶನ್, ನಿನಗೆ ತೋಚಿದ್ದು ಹೇಳು, ನಾನು ಏನನ್ನೂ ಹೇಳುವ ಯೋಗ್ಯತೆ ಉಳಿಸಿಕೊಂಡಿಲ್ಲ ಎಂದ. ಕಾಲೇಜಿಗೆ ಸೇರಿದ್ದ ಹಂಸಿನಿ ಅಡುಗೆಮನೆ ಬಾಗಿಲಲ್ಲಿ ನಿಂತು ಕೇಳಿಸಿಕೊಳ್ಳುತ್ತಿದ್ದಳು. ಹಿಂದಿಯೇ ಅವಳ ನಾಲಿಗೆಗೆ ಸಲೀಸು, ಆದರೆ ಅವತ್ತು ತಡವರಿಸಿ ಕನ್ನಡದಲ್ಲೇ ಕೇಳಿದಳು.

"ಅಮ್ಮಾ, ಅಂಕಲ್ ಓದಿದ್ರು ಅಲ್ವಾ? ನಾನ್ ಇದ್ದೆ. ಮತ್ತೆ ನೀವು ಯಾಕೆ ಹಾಗೆ ಬರ್ದ್ರಿ?"

ವೈಜಯಂತಿ ಒಳಗೊಳಗೇ ತೀರ್ಮಾನ ಮಾಡಿದಳು. ಹಾಳಾಗಿ ಹೋಗಲಿ, ಬಾಡಿಗೆ ಮನೆಯಲ್ಲಿ ಇದ್ದರಾಯಿತು, ನಿಜ ಹೇಳಿಬಿಡುತ್ತೇನೆ. ತೀರ್ಮಾನ ಮಾಡಿದ ಮೇಲೆ ಎಷ್ಟೋ ತಿಂಗಳ ನಂತರ ಅವಳಿಗೆ ಹಗುರವೆನಿಸಿತು. ವಿಚಾರಣೆಯ ದಿನ ಬೆಳಿಗ್ಗೆ ದೇವರಿಗೆ ದೀಪ ಹಚ್ಚುವಾಗಲೂ ಆ ತೀರ್ಮಾನ ಗಟ್ಟಿಯಾಗಿಯೇ ಇತ್ತು.

ಟ್ರಿಬ್ಯುನಲ್ ಇದ್ದದ್ದು ಒಂದು ಎತ್ತರದ ಆಫೀಸು ಕಟ್ಟಡದಲ್ಲಿ. ಕಟುಕನ ಮನೆಯೇನೂ ಆಗಿರಲಿಲ್ಲ. ಒಂದು ಸಾಧಾರಣ ಹಾಲು, ಟ್ಯೂಬ್‌ಲೈಟು, ಪ್ಲಾಸ್ಟಿಕ್ ಕುರ್ಚಿಗಳು. ಮುಖ್ಯಾಧಿಕಾರಿ ತಾಳ್ಮೆಯ ಮನುಷ್ಯ, ಕಾಗದಗಳನ್ನು ನಿಜವಾಗಿಯೂ ಓದಿದ್ದರು. ಬ್ಯಾಂಕಿನ ವಕೀಲರ ಹಿಂದೆ ಬಸವಲಿಂಗಪ್ಪ ಕೂತಿದ್ದರು. ಮೀಸೆ ಬೆಳ್ಳಗಾಗಿತ್ತು, ಕೋಟು ಭುಜದ ಮೇಲೆ ಸಡಿಲವಾಗಿತ್ತು. ವೈಜಯಂತಿಯನ್ನು ಕಂಡು ಅಭ್ಯಾಸಬಲದಿಂದ ತಲೆ ಬಾಗಿಸಿದರು. ಅವಳೂ ಬಾಗಿಸಿದಳು.

ಅಧಿಕಾರಿ ಅವರನ್ನು ಕೇಳಿದರು, ಕಾಗದವನ್ನು ಓದಿ ವಿವರಿಸಿದಿರಾ? ಪ್ರತಿ ಪುಟವನ್ನೂ, ನಮ್ಮ ಭಾಷೆಯಲ್ಲಿ ವಿವರಿಸಿದೆ ಎಂದರು ಅವರು. ಅದಕ್ಕೆ ಸಾಕ್ಷಿ ಯಾರು ಎಂದು ಸರ್ದಾರ್‌ಜಿ ಎದ್ದು ಕೇಳಿದರು. ಅದು ಅವರ ಕೆಲಸ, ತಪ್ಪು ಹೇಳುವ ಹಾಗಿಲ್ಲ. ಗಂಡ, ಮಗಳು ಇದ್ದರು ಎನ್ನಬಹುದಿತ್ತು. ಆ ಹುಡುಗಿ ನಕ್ಕದ್ದನ್ನು ಹೇಳಬಹುದಿತ್ತು. ಬಸವಲಿಂಗಪ್ಪ ಹಾಗೆ ಹೇಳಲಿಲ್ಲ. ತಿರುಗಿ ವೈಜಯಂತಿಯನ್ನು ನೋಡಿದರು. ಕಣ್ಣಲ್ಲಿ ಕೋಪವಿರಲಿಲ್ಲ, ನಂಬಿಕೆಯೇ ಇತ್ತು, ಅದೇ ಹಾಳು.

"ಸಾಕ್ಷಿ ಅವರೇ ಸಾರ್. ಅವರನ್ನೇ ಕೇಳಿ. ಅವರು ಏನು ಹೇಳಿದ್ರೂ ನನಗೆ ಒಪ್ಪಿಗೆ. ಎದುರಿಗೆ ನಿಂತು ಅವರು ಸುಳ್ಳು ಹೇಳೋರಲ್ಲ," ಎಂದು ಇಂಗ್ಲಿಷಿನಲ್ಲಿ ಹೇಳಿ ಕೂತರು. ಬ್ಯಾಂಕಿನ ವಕೀಲ ಅವರ ತೋಳು ಹಿಡಿದು ಏನೋ ಪಿಸುಗುಟ್ಟಿದ, ಅವರು ತಲೆಯಾಡಿಸಿದರು.

ಅಧಿಕಾರಿ ಅವಳ ಕಡೆ ತಿರುಗಿದರು. ವೈಜಯಂತಿ ಎದ್ದು ನಿಂತಳು. ಹೇಳಬೇಕಾದ ಮಾತು ನಾಲಿಗೆಯ ತುದಿಯಲ್ಲೇ ಇತ್ತು. ಅಷ್ಟರಲ್ಲಿ ಅವಳಿಗೆ ಆ ಎರಡು ಕೋಣೆ ಕಣ್ಣಮುಂದೆ ಬಂದವು. ಮೂಟೆ ಕಟ್ಟಿದ ಪಾತ್ರೆ, ಬೀದಿಯಲ್ಲಿ ನಿಂತ ಟೆಂಪೋ, ಬಾಗಿಲ ಸಂದಿಯಿಂದ ನೋಡುವ ಎದುರು ಮನೆಯವಳು, ಸುಳ್ಳು ಪ್ರಮಾಣ ಮಾಡಿದ ಗುಮಾಸ್ತೆ ಎಂದು ಆಫೀಸಿನಲ್ಲಿ ತೋರಿಸುವ ಬೆರಳು. ಓದಲಿಲ್ಲ ಎನ್ನಲು ಬಾಯಿ ಬರಲಿಲ್ಲ. ಓದಿದರು ಎನ್ನಲು ಧೈರ್ಯ ಬರಲಿಲ್ಲ.

"ನನಗೆ ಸರಿಯಾಗಿ ನೆನಪಿಲ್ಲ ಸಾರ್," ಎಂದಳು.

ಅಧಿಕಾರಿ ಅದನ್ನು ಬರೆದುಕೊಂಡರು. ಬಸವಲಿಂಗಪ್ಪ ಸ್ವಲ್ಪ ಹೊತ್ತು ಅವಳನ್ನೇ ನೋಡಿ, ಆಮೇಲೆ ತಮ್ಮ ಕೈಗಳನ್ನು ನೋಡಿಕೊಂಡರು. ಮಾತು ಕೊಟ್ಟಂತೆ ಒಪ್ಪಿಕೊಂಡರು. ಮತ್ತೆ ಬಾಯಿ ತೆರೆಯಲಿಲ್ಲ.

ಮನೆ ಉಳಿಯಿತು. ಅವಳು ಬೇಕೆಂದೇ ಸುಳ್ಳು ಹೇಳಿದ್ದಕ್ಕೆ ಸಾಕ್ಷಿಯಿಲ್ಲವೆಂದು ಕಳೆದ ಕಾಲವನ್ನು ಟ್ರಿಬ್ಯುನಲ್ ಮನ್ನಿಸಿತು. ಒಡತಿಗೆ ನೋಟಿಸು ಕೊಡದೆ ಬ್ಯಾಂಕು ಮಾಡಿದ ಸ್ವಾಧೀನ ಬಿದ್ದುಹೋಯಿತು, ಹರಾಜು ನಿಂತಿತು. ಬ್ಯಾಂಕು ಮತ್ತೆ ಮೊದಲಿನಿಂದ ಶುರು ಮಾಡುವಷ್ಟರಲ್ಲಿ ಸುದರ್ಶನ್ ಯಂತ್ರ ಮಾರಿ, ವೈಜಯಂತಿ ಭವಿಷ್ಯನಿಧಿಯ ಹಣ ತೆಗೆದು ರಾಜಿ ಮಾಡಿಕೊಂಡರು. ಅವನು ಮತ್ತೆ ಒಂದು ಕಂಪನಿಯಲ್ಲಿ ಸೂಪರ್‌ವೈಸರ್ ಆದ. ಯಾರೂ ಜಿಲೇಬಿ ತರಲಿಲ್ಲ. ಆಮೇಲಾಮೇಲೆ ಹಂಸಿನಿ ತಾಯಿಯ ಮುಂದೆ ಕೂತು ಊಟ ಮಾಡುವುದನ್ನು ಕಡಿಮೆ ಮಾಡಿದಳು, ತಟ್ಟೆ ಎತ್ತಿಕೊಂಡು ತನ್ನ ಕೋಣೆಗೆ ಹೋಗುತ್ತಿದ್ದಳು. ಕೇಳಿದರೆ ಪರೀಕ್ಷೆ ಎನ್ನುತ್ತಿದ್ದಳು.

ಓದಿ ಹೇಳಿದ್ದಕ್ಕೂ ಸಾಕ್ಷಿಯಿಲ್ಲವೆಂದು ಬಸವಲಿಂಗಪ್ಪನವರನ್ನು ಬ್ಯಾಂಕು ಕಡ್ಡಾಯವಾಗಿ ನಿವೃತ್ತಿಗೊಳಿಸಿತು, ಪಿಂಚಣಿಯನ್ನೂ ಕತ್ತರಿಸಿತು. ಕ್ವಾರ್ಟರ್ಸ್ ಬಿಟ್ಟು ಘಾಜಿಯಾಬಾದ್‌ನಲ್ಲಿ ಕಡಿಮೆ ಬಾಡಿಗೆಯ ಫ್ಲ್ಯಾಟ್ ಹಿಡಿದಿದ್ದಾರೆ ಎಂದು ಯಾರೋ ಹೇಳಿದರು. ಹೋಗಬೇಕು, ಕಾಲು ಹಿಡಿಯಬೇಕು ಎಂದು ವೈಜಯಂತಿ ಪ್ರತಿ ಭಾನುವಾರ ಅಂದುಕೊಂಡಳು, ಪ್ರತಿ ಭಾನುವಾರ ಒಂದು ನೆಪ ಸಿಕ್ಕಿತು. ಕೊನೆಗೆ 2009ರ ಫೆಬ್ರವರಿಯಲ್ಲಿ ಬಸ್ಸು ಹತ್ತಿದಳು. ದಾರಿಯುದ್ದಕ್ಕೂ ಹೇಳಬೇಕಾದ್ದನ್ನು ಮನಸ್ಸಿನಲ್ಲಿ ಜೋಡಿಸಿಕೊಂಡಳು. ಅವರು ಬೈಯಲಿ, ಕೂಗಾಡಲಿ, ಬಾಗಿಲು ಹಾಕಿಕೊಳ್ಳಲಿ, ಎಲ್ಲವನ್ನೂ ತಡೆದುಕೊಳ್ಳುತ್ತೇನೆ ಎಂದುಕೊಂಡಳು. ಬೈದರೆ ಒಳ್ಳೆಯದು ಎಂದೂ ಅನ್ನಿಸಿತು, ನಮ್ಮವರು ಎಂದುಕೊಂಡವರನ್ನು ತಾನೇ ಬೈಯುವುದು.

ಬಾಗಿಲು ತೆರೆದವರು ಅವರ ಹೆಂಡತಿ ವಿಜಯಮ್ಮ. ವೈಜಯಂತಿಯನ್ನು ಕಂಡವರೇ ತಿರುಗಿ ಒಳಗೆ ಹೋದರು. ಬಸವಲಿಂಗಪ್ಪ ಎದ್ದು ಬಂದರು. ಮನೆಯೊಳಗೆ ರೇಡಿಯೋ ಹಾಡುತ್ತಿತ್ತು, ಅದನ್ನು ಸಣ್ಣಗೆ ಮಾಡಿದರು. ಮುಖದಲ್ಲಿ ಸಿಟ್ಟೂ ಇರಲಿಲ್ಲ, ನೋವೂ ಕಾಣಲಿಲ್ಲ.

"ಆಯಿಯೇ ಮೇಡಂ, ಬೈಠಿಯೇ," ಎಂದು ಹಿಂದಿಯಲ್ಲಿ ಹೇಳಿ ಕುರ್ಚಿ ತೋರಿಸಿದರು.

ವೈಜಯಂತಿ ಕೂರಲಿಲ್ಲ. ಅಣ್ಣಾ ಎಂದಳು, ತಪ್ಪಾಯಿತು ಎಂದಳು, ನನಗೆ ಎಲ್ಲ ನೆನಪಿತ್ತು ಎಂದಳು, ಅವತ್ತು ಹೆದರಿಬಿಟ್ಟೆ ಎಂದಳು. ಅಳುತ್ತ, ಹಿಂದುಮುಂದಾಗಿ, ಕನ್ನಡದಲ್ಲಿ ಎಲ್ಲವನ್ನೂ ಹೇಳಿದಳು. ಅವರು ಪೂರ್ತಿ ಕೇಳಿಸಿಕೊಂಡರು. ನಡುವೆ ತಡೆಯಲಿಲ್ಲ. ಒಂದು ಲೋಟ ನೀರು ತಂದು ಅವಳ ಮುಂದಿಟ್ಟರು. ಬ್ಯಾಂಕಿನ ಕೌಂಟರಿನಲ್ಲಿ ಗುರುತಿಲ್ಲದ ಗಿರಾಕಿಯ ಹತ್ತಿರ ಮಾತಾಡುವ ಹಾಗೆ, ಬಹಳ ಮರ್ಯಾದೆಯಿಂದ, ಪರವಾಗಿಲ್ಲ, ಮನೆಯಂತೂ ಉಳಿಯಿತಲ್ಲ ಎಂದು ಹಿಂದಿಯಲ್ಲೇ ಕೇಳಿದರು.

"ಕೋಯಿ ಬಾತ್ ನಹೀಂ ಮೇಡಂ. ಘರ್ ತೋ ಬಚ್ ಗಯಾ ನಾ ಆಪ್ ಕಾ?"

ಕನ್ನಡದ ಮಾತು ಅವಳ ಬಾಯಿಗೆ ಬರಲಿಲ್ಲ.

"ಜೀ," ಎಂದಳು ವೈಜಯಂತಿ, "ಬಚ್ ಗಯಾ."